ಗೋಡೆಯ ಮೇಲಿನ ವೀರೇಂದ್ರ

ವೀರೇಂದ್ರನ ನಟನಾ ಜೀವನ ಶುರುವಾದದ್ದೇ ಸತ್ತ ಮನುಷ್ಯನಾಗಿ. ಮಾಚೇನಹಳ್ಳಿಯ ಫೌಂಡ್ರಿಯೊಂದರಲ್ಲಿ ಮರಳಿನ ಅಚ್ಚು ಕಟ್ಟುವುದು ಅವನ ಕೆಲಸ. ಮುಖ ಮಾತ್ರ ಯಾವುದೋ ಕಚೇರಿಯ ಹಿರಿಯ ಅಧಿಕಾರಿಯದು: ಅಗಲ ಹಣೆ, ಅಳತೆ ಹಿಡಿದು ಕತ್ತರಿಸಿದಂಥ ಮೀಸೆ, ನಿಮ್ಮ ಅರ್ಜಿ ನಾಳೆ ನೋಡೋಣ ಎನ್ನುವಂಥ ಶಾಂತ ಕಣ್ಣು. ಐದು ವರ್ಷದ ಹಿಂದೆ ಧಾರಾವಾಹಿಯ ತಂಡವೊಂದು ನಾಲ್ಕು ದಿನದ ಚಿತ್ರೀಕರಣಕ್ಕೆ ಶಿವಮೊಗ್ಗಕ್ಕೆ ಬಂದಿತ್ತು. ಅವರಿಗೆ ಒಂದು ಕಬ್ಬಿಣದ ಗೇಟು ಬೇಕಿತ್ತು, ನಾಯಕಿಯ ದಿವಂಗತ ತಂದೆಯ ಫೋಟೋ ಒಂದು ಬೇಕಿತ್ತು. ಗೇಟು ಇಳಿಸಲು ಹೋದ ವೀರೇಂದ್ರನಿಂದ ಎರಡೂ ಸಿಕ್ಕವು.

ಸ್ಟುಡಿಯೋಗೆ ಕರೆದೊಯ್ದು ಕೋಟು ತೊಡಿಸಿದರು, ಫೋಟೋ ತೆಗೆದರು, ಕಟ್ಟು ಹಾಕಿಸಿ ಗಂಧದ ಹಾರ ಹಾಕಿದರು. ಭದ್ರಾವತಿಯ ಮನೆಗೆ ಬಂದು ಅವನು ಹೆಂಡತಿ ಮೈತ್ರಿಗೆ ಹೇಳಿದ, "ಸೆಲೆಕ್ಟ್ ಆದೆ ಮಾರಾಯ್ತಿ."

ಮೈತ್ರಿಗೆ ಆಲ್ಕೊಳದ ರಕ್ತಪರೀಕ್ಷೆಯ ಲ್ಯಾಬಿನಲ್ಲಿ ಕೆಲಸ. ಏನನ್ನೂ ಪೂರ್ತಿ ವಿಚಾರಿಸದೆ ಬಿಡುವವಳಲ್ಲ.

"ಏನ್ ಪಾರ್ಟು?"

"ಹೀರೋಯಿನ್ ಅಪ್ಪ. ಸತ್ತೋಗಿರ್ತಾನೆ."

"ಎಷ್ಟನೇ ಎಪಿಸೋಡಲ್ಲಿ ಸಾಯ್ತೀರಿ?"

"ಕಥೆ ಶುರುವಾಗೋಕ್ ಮುಂಚೇನೇ."

ಧಾರಾವಾಹಿ ಸಾವಿರ ಕಂತು ದಾಟಿತು. ಮೈತ್ರಿಯ ಲೆಕ್ಕದಲ್ಲಿ ಅದರಲ್ಲಿ ವೀರೇಂದ್ರ ಕಂಡದ್ದು ನಾನೂರ ಹನ್ನೆರಡು ಕಂತುಗಳಲ್ಲಿ. ಅತಿ ದೀರ್ಘ ಅಭಿನಯ ಒಂಬತ್ತು ಸೆಕೆಂಡು. ಅವನ ತಾಯಿ ಶೇಷಮ್ಮ, ಬದುಕಿರುವ ಮಗನಿಗೆ ಹಾರ ಹಾಕಿದ್ದಾರೆಂದು ಮೊದಲ ತಿಂಗಳು ದಿನವೂ ಉಪ್ಪು ಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕಿದಳು. ಎರಡನೇ ತಿಂಗಳಿಂದ ಟಿವಿ ಮುಂದೆಯೇ ಕೂತಳು. "ಬರೀ ಅಳ್ತಾಳೆ ಆ ಹುಡುಗಿ. ನನ್ ಮಗನ ಮುಂದೆ ಒಂದ್ ದೀಪ ಹಚ್ಚೋಕೇನು ದಾಡಿ?"

ಊರೂ ಅವನನ್ನು ಗೌರವಿಸಿತು. ಕಿರಾಣಿ ಅಂಗಡಿಯ ಲಿಂಗಪ್ಪ, "ವೀರೇಂದ್ರಣ್ಣ, ನಿಮ್ ಮಗಳಿಗೆ ಆ ಸಂಬಂಧ ಬ್ಯಾಡ, ಸ್ವಲ್ಪ ಬುದ್ಧಿ ಹೇಳಿ" ಎಂದು ನಿಜವಾದ ಕಾಳಜಿಯಿಂದಲೇ ಹೇಳುತ್ತಿದ್ದ. ರಾಜ್ಯೋತ್ಸವದ ಸನ್ಮಾನಕ್ಕೆ ಕರೆದರು. ಅಧ್ಯಕ್ಷರು ಹಾರ ಎತ್ತಿದ ಕ್ಷಣ ಸಭೆಯೆಲ್ಲ ಗಪ್‌ಚುಪ್ಪಾಯಿತು. ಹಾರ ಬಿದ್ದರೆ ಆ ಮುಖ ಹೇಗೆ ಕಾಣುತ್ತದೆಂದು ಎಲ್ಲರಿಗೂ ಗೊತ್ತಿತ್ತಲ್ಲ. ಅಧ್ಯಕ್ಷರು ಎರಡು ಹೆಜ್ಜೆ ಸರಿದು ಅದನ್ನು ಪಕ್ಕದಲ್ಲಿದ್ದ ಮಾಜಿ ಪೈಲ್ವಾನರಿಗೆ ಹಾಕಿದರು. ಪೈಲ್ವಾನರಿಗೆ ಎರಡು ಹಾರ, ವೀರೇಂದ್ರನಿಗೆ ಶಾಲು ಮತ್ತು ಹಣ್ಣಿನ ಬುಟ್ಟಿ.

ಕೀರ್ತಿ ಹಬ್ಬಿತು. ಇನ್ನೂ ಮೂರು ಧಾರಾವಾಹಿಗಳಲ್ಲಿ ಅವನು ತೀರಿಕೊಂಡ. ಎಲ್ಲ ನಟರಿಗೂ ಚಿತ್ರೀಕರಣ ನಿಂತು ಕೈ ಖಾಲಿಯಾದ ಕೊರೊನಾ ದಿನಗಳಲ್ಲೂ ಅವನು ಗೋಡೆಯ ಮೇಲೆ ತನ್ನ ಕೆಲಸದಲ್ಲಿದ್ದ. ಆದರೆ ಮನೆಯಲ್ಲಿ ಅವನು ಹೇಳುತ್ತಿದ್ದುದು ಒಂದೇ. "ಒಂದೇ ಒಂದ್ಸಲ ನಡ್ಕೊಂಡ್ ಬಂದು ಒಂದ್ ಮಾತಾಡ್ಬೇಕು, ಮೈತ್ರಿ. ಜನ ನೋಡ್ಬೇಕು. ಆಮೇಲೆ ವಾಪಸ್ ಗೋಡೆಗೆ ಹೋಗ್ತೀನಿ."

ಐದನೇ ವರ್ಷ ಧಾರಾವಾಹಿ ನೋಡುವವರು ಕಡಿಮೆಯಾದರು. ಕಥೆಗಾರರಿಗೆ ಬೇರೇನೂ ಹೊಳೆಯದೆ ನಾಯಕಿಯ ಬಾಲ್ಯದ ನೆನಪೊಂದನ್ನು ತಂದರು. ತಂದೆ ಒಳಗಿನಿಂದ "ಪುಟ್ಟಿ" ಎಂದು ಕರೆಯುತ್ತಾ ಬರಬೇಕು. "ಅಪ್ಪಾ, ಎಲ್ಲಿಗೆ ಹೋಗ್ತೀಯಾ?" ಎಂದು ಮಗು ಕೇಳುತ್ತದೆ. "ಅಳಬೇಡ. ಬಾಗಿಲು ಹಾಕ್ಕೋ, ಬೇಗ ಬರ್ತೀನಿ" ಎಂದು ಹೇಳಿ ಹೊರಗೆ ಹೋಗಬೇಕು.

ಎರಡು ತಿಂಗಳು ತಾಲೀಮು ನಡೆಯಿತು. ಊಟದ ಬಿಡುವಿನಲ್ಲಿ, ಮರಳಿನ ರಾಶಿಯ ಪಕ್ಕ, ಜೊತೆ ಕೆಲಸದ ಓಂಕಾರಪ್ಪ ಮಗಳಾಗುತ್ತಿದ್ದ. ಐವತ್ತೊಂದು ವರ್ಷದ, ತೊಂಬತ್ತು ಕಿಲೋ ತೂಕದ ಓಂಕಾರಪ್ಪ ಕೆನ್ನೆಗೆ ಕೈ ಕೊಟ್ಟುಕೊಂಡು, "ಅಪ್ಪಾ, ಎಲ್ಲಿಗೆ ಹೋಗ್ತೀಯಾ?" ಎಂದರೆ ಇಡೀ ಶೆಡ್ಡು ನಗುತ್ತಿತ್ತು. ವೀರೇಂದ್ರ ನಗುತ್ತಿರಲಿಲ್ಲ. ಮೆಟ್ಟಿಲು ಹತ್ತುವಾಗ ಎದೆ ಹಿಡಿದಂತಾಗುತ್ತದೆ ಎಂದು ಒಮ್ಮೆ ಹೇಳಿದ್ದಕ್ಕೆ ಮೈತ್ರಿ ಮೂರು ಸಲ ಇಸಿಜಿ ಮಾಡಿಸಲು ಕರೆದಳು. ಮೂರು ಸಲವೂ ಉತ್ತರ, "ಶೂಟಿಂಗ್ ಮುಗೀಲಿ."

ಶೂಟಿಂಗ್ ಮುಗಿಯಿತು. ಬೆಂಗಳೂರಿನಲ್ಲಿ ಹನ್ನೊಂದನೇ ಸಲಕ್ಕೆ ಸರಿ ಬಂತಂತೆ. ಹದಿನೈದು ದಿನ ಬಿಟ್ಟು ದನಿ ಕೊಡಲು ಮತ್ತೆ ಹೋಗಬೇಕಿತ್ತು. ಒಂಬತ್ತನೇ ದಿನ ಬೆಳಿಗ್ಗೆ ಕೆಲಸದ ನಡುವೆ ವೀರೇಂದ್ರ ಮರಳಿನ ರಾಶಿಗೆ ಒರಗಿ ಕೂತ. ಆಸ್ಪತ್ರೆ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು. ವಯಸ್ಸು ನಲವತ್ತಮೂರು.

ಮೂರನೇ ದಿನ ಓಂಕಾರಪ್ಪ ಭದ್ರಾವತಿಯ ರಂಗಪ್ಪ ಸರ್ಕಲ್ಲಿನಲ್ಲಿ ದೊಡ್ಡ ಫ್ಲೆಕ್ಸ್ ಕಟ್ಟಿಸಿದ. ಗೆಳೆಯನ ಒಳ್ಳೆಯ ಫೋಟೋ ಎಂದು ಅವನಿಗೆ ಗೊತ್ತಿದ್ದದ್ದು ಒಂದೇ: ಕೋಟು, ಗಂಧದ ಹಾರ. ಕೆಳಗೆ ಎಲ್ಲರೂ ಬರೆಸುವಂತೆ, "ಮತ್ತೆ ಹುಟ್ಟಿ ಬಾ."

ಊರು ಅದನ್ನು ಧಾರಾವಾಹಿಯ ಜಾಹೀರಾತು ಎಂದುಕೊಂಡಿತು. ಅಪ್ಪ ವಾಪಸ್ ಬರುತ್ತಾನೆಂಬ ಸುದ್ದಿ ಹೇಗೂ ಹರಿದಾಡುತ್ತಿತ್ತು. ವೀರೇಂದ್ರನ ಫೋನು ಬಡಿದುಕೊಂಡಾಗ ಮೈತ್ರಿ ಎತ್ತಿದಳು. ಶಿವಮೊಗ್ಗದ ಜಂಬಣ್ಣ, ಗೇಟಿನ ವ್ಯಾಪಾರಿ.

"ಅಣ್ಣಂಗೆ ಕೊಡಮ್ಮ, ಫ್ಲೆಕ್ಸ್ ನೋಡ್ದೆ. ಕಂಗ್ರಾಟ್ಸ್ ಹೇಳ್ಬೇಕು."

"ಅವ್ರು ತೀರ್ಕೊಂಡ್ರು, ಜಂಬಣ್ಣ."

"ಅದು ಗೊತ್ತಮ್ಮ, ಐದ್ ವರ್ಷ ಆಯ್ತಲ್ಲ. ವಾಪಸ್ ಬರೋದ್ಯಾವತ್ತು?"

ಇಂಥವು ಹದಿನಾಲ್ಕು ಕರೆ ಬಂದವು. ಮೈತ್ರಿಗೆ ಕೋಪ ಬರಲಿಲ್ಲ. ಊರಿನವರು ಕಂಡದ್ದು ಗೋಡೆಯ ಮೇಲಿನವನನ್ನು. ಅವನು ಸಾಯುವುದಾದರೂ ಹೇಗೆ? ಆ ಒಂದು ದೃಶ್ಯ ಬರಲಿ, ಅವನು ನಡೆದದ್ದನ್ನು, ಆಡಿದ ಮಾತನ್ನು ಇವರೆಲ್ಲ ನೋಡಲಿ ಎಂಬುದಷ್ಟೇ ಅವಳಿಗೆ ಉಳಿದಿದ್ದ ಆಸೆ.

ಧಾರಾವಾಹಿಯ ಕಚೇರಿಯಿಂದಲೂ ಫೋನ್ ಬಂತು. ಸಂತಾಪ ಹೇಳಿ, ಪ್ರಸಾರದ ದಿನ ತಿಳಿಸಿ, ದನಿ ಬೇರೆಯವರಿಂದ ಕೊಡಿಸಿದ್ದೇವೆ ಎಂದರು.

"ಶೂಟಿಂಗಲ್ಲಿ ಅವ್ರೇ ಮಾತಾಡಿದ್ರಲ್ಲ, ಅದು?"

"ಅದ್ರಲ್ಲಿ ಫ್ಯಾನ್ ಸದ್ದೆಲ್ಲ ಇರುತ್ತೆ ಮೇಡಂ. ಹೊಸ ವಾಯ್ಸ್ ತುಂಬಾ ಗಂಭೀರವಾಗಿದೆ, ನಿಮ್ಗೆ ಇಷ್ಟ ಆಗುತ್ತೆ."

ಪ್ರಸಾರದ ದಿನವೇ ಹನ್ನೊಂದನೇ ದಿನದ ಕಾರ್ಯ ಬಿತ್ತು. ಸಂಜೆ ಪಾಳಿ ಮುಗಿಸಿ ಫೌಂಡ್ರಿಯವರು ಬಂದರು. ವಿಷಯ ತಿಳಿದು ಬಂದ ಜಂಬಣ್ಣ, ಲಿಂಗಪ್ಪ ಇಬ್ಬರೂ ತಲೆ ತಗ್ಗಿಸಿ ಬಾಗಿಲ ಬಳಿ ಕೂತರು. ಏಳೂವರೆಗೆ ಮೈತ್ರಿ ಟಿವಿ ಹಾಕಿದಳು. ತೆರೆಯ ಮೇಲೆ ಮನೆಯ ಒಳಬಾಗಿಲು ಕಾಣಿಸಿತು. "ಪುಟ್ಟಿ" ಎಂಬ ಕರೆ ಕೇಳಿಸಿತು, ರೈಲು ನಿಲ್ದಾಣದ ಪ್ರಕಟಣೆಯಂತೆ.

"ಇದ್ಯಾರೇ ಮಾತಾಡ್ತಿರೋದು?" ಎಂದಳು ಶೇಷಮ್ಮ.

ಮೈತ್ರಿ ರಿಮೋಟ್ ಒತ್ತಿ ಸದ್ದು ನಿಲ್ಲಿಸಿದಳು.

ವೀರೇಂದ್ರ ನಡೆದು ಬಂದ. ಎಡಗಾಲನ್ನು ತುಸು ಹೊರಗೆ ಎಸೆದಂತೆ ಇಡುವ ಅದೇ ನಡಿಗೆ. ಮಗುವಿನ ತುಟಿ ಅಲುಗಿತು. ಎರಡು ತಿಂಗಳ ಅಭ್ಯಾಸ, ಓಂಕಾರಪ್ಪನ ಬಾಯಿಂದ ತಾನಾಗಿಯೇ ಬಂತು: "ಅಪ್ಪಾ, ಎಲ್ಲಿಗೆ ಹೋಗ್ತೀಯಾ?"

ಈ ಸಲ ಯಾರೂ ನಗಲಿಲ್ಲ. ವೀರೇಂದ್ರ ಬಗ್ಗಿ ಮಗುವಿಗೆ ಏನೋ ಹೇಳಿದ. ಏನು ಹೇಳಿದನೆಂಬುದು ಮನೆಯವರಿಗೂ ಫೌಂಡ್ರಿಯವರಿಗೂ ಕಂಠಪಾಠವಾಗಿತ್ತು. ಅವನು ಹೊಸ್ತಿಲು ದಾಟಿದ. ಧಾರಾವಾಹಿ ಮತ್ತೆ ಗೋಡೆಯ ಫೋಟೋಗೆ ತಿರುಗುವ ಮೊದಲೇ ಮೈತ್ರಿ ಟಿವಿ ಆರಿಸಿದಳು.

ಓಂಕಾರಪ್ಪ ಟವೆಲಿನಲ್ಲಿ ಮುಖ ಮುಚ್ಚಿಕೊಂಡ. ಲಿಂಗಪ್ಪ ಬಿಕ್ಕಿದ. ಹತ್ತು ದಿನದಲ್ಲಿ ಬಾರದ ಅಳು ಸಾಲಾಗಿ ಕೂತವರಲ್ಲಿ ಒಬ್ಬರಿಂದೊಬ್ಬರಿಗೆ ದಾಟಿತು. ಒಳಗೆ ಎಲೆ ಹಾಕಿ ಆಗಿತ್ತು. ಮೈತ್ರಿ ಎದ್ದು ಎಲ್ಲರನ್ನೂ ಊಟಕ್ಕೆ ಕರೆಯಲು ಹೊರಟಳು.

ಶೇಷಮ್ಮ ಅವಳ ಸೆರಗು ಹಿಡಿದು ಕೂರಿಸಿದಳು. "ಇರಲಿ ಬಿಡೇ, ಅತ್ಕೊಳ್ಳಿ. ಇವರಿಗೆ ಈಗ ತಾನೇ ಗೊತ್ತಾಗಿದೆ."