ಎರಡು ಚಂದ್ರರ ಪಂಚಾಂಗ

ಹಾವೇರಿಯಲ್ಲಿ ನಮ್ಮ ಮನೆಯ ಹಿಂದಿನ ಬೀದಿಯಲ್ಲಿ ಒಂದು ಖಾರದ ಗಿರಣಿ ಇದೆ. ಮೊನ್ನೆ ಒಣಮೆಣಸಿನಕಾಯಿ ಪುಡಿ ಮಾಡಿಸಲು ಹೋದವಳು ಬಾಗಿಲಲ್ಲೇ ಸೀನತೊಡಗಿದೆ. ಒಂದರ ಹಿಂದೆ ಒಂದು, ನಿಲ್ಲುವ ಮಾತೇ ಇಲ್ಲ. "ಹೊರಗ ನಿಂದರ್ರಿ ಅಕ್ಕಾರ," ಎಂದು ಗಿರಣಿಯವನು ನಕ್ಕ. ಹೊರಗೆ ನಿಂತು ಮೂಗು ಒರೆಸಿಕೊಳ್ಳುತ್ತ, "ಇವತ್ತು ಸೀನುಹುಣ್ಣಿಮೆ," ಎಂದು ನನ್ನಷ್ಟಕ್ಕೇ ಅಂದುಕೊಂಡೆ. ಆ ಮಾತು ಬಾಯಿಗೆ ಬಂದು ಎಷ್ಟು ವರ್ಷಗಳಾಗಿದ್ದವೋ... ಯಾವ ಪಂಚಾಂಗದಲ್ಲಿ ಹುಡುಕಿದರೂ ಸಿಗದ ಹಬ್ಬ ಅದು. ಬ್ಯಾಡಗಿಯಲ್ಲಿ ನಮ್ಮ ಎದುರುಮನೆಯಲ್ಲಿದ್ದ ಚಿಗವ್ವ ಹುಟ್ಟಿಸಿದ್ದು.

ಸಂಬಂಧದಿಂದ ಚಿಗವ್ವ, ಅಂದರೆ ಚಿಕ್ಕಮ್ಮ, ಅಲ್ಲ; ಓಣಿಯ ಮಕ್ಕಳೆಲ್ಲ ಹಾಗೆ ಕರೆಯುತ್ತಿದ್ದೆವು. ವ್ಯಾಪಾರಸ್ಥರಿಂದ ಮೆಣಸಿನಕಾಯಿ ಚೀಲ ತಂದು, ಪಡಸಾಲೆಯಲ್ಲಿ ಸುರುವಿಕೊಂಡು ತೊಟ್ಟು ಬಿಡಿಸುತ್ತಿದ್ದಳು. ಕೈ ಎಷ್ಟು ಚುರುಕೋ ಬಾಯಿ ಅದಕ್ಕಿಂತ ಚುರುಕು. ಒಂದು ಬೇಸಿಗೆಯಲ್ಲಿ ಅವಳ ಗಂಡ ಕಾಮಾಲೆಯಾಗಿ ತೀರಿಕೊಂಡರು. ಮನೆಯಲ್ಲಿ ಉಳಿದವರು ಚಿಗವ್ವ, ಅವಳ ಅತ್ತೆ, ಮತ್ತು ನನ್ನ ಓರಗೆಯ ಮಗಳು, ನನ್ನ ಗೆಳತಿ.

ಮನೆಯಲ್ಲಿ ಸಾವಾದರೆ ವರ್ಷ ತುಂಬುವವರೆಗೆ ಹಬ್ಬ ಮಾಡುವಂತಿಲ್ಲ. ದೊಡ್ಡವರೇನೋ ಹಲ್ಲು ಕಚ್ಚಿ ಸುಮ್ಮನಿರುತ್ತಾರೆ, ಸಣ್ಣ ಹುಡುಗಿಗೆ ಇದು ಹೇಗೆ ಅರ್ಥವಾಗಬೇಕು? ನಾಗರಪಂಚಮಿ ಬಂತು. ಓಣಿಯ ತುಂಬ ಜೋಕಾಲಿ, ಮನೆಮನೆಯಲ್ಲಿ ಉಂಡಿ. ಗೆಳತಿ ನಮ್ಮ ಜೋಕಾಲಿಯ ಹಗ್ಗ ಹಿಡಿದಿದ್ದಳಷ್ಟೇ, ಅವಳ ಅಜ್ಜಿ ಬಂದು ಕೈ ಹಿಡಿದು ಕರೆದೊಯ್ದಳು. ಸಂಜೆ ನನ್ನ ಅವ್ವ ಅವರ ಮನೆಗೆ ಉಂಡಿ ಕೊಡಲು ಹೋದಾಗ ನಾನೂ ಹಿಂದೆ ಹೋಗಿದ್ದೆ. ಗೆಳತಿ ಮೂಲೆಯಲ್ಲಿ ಕೂತು, "ಅಪ್ಪ ಯಾಕ ಸತ್ತ? ಅಂವ ಸತ್ತಿದ್ದಕ್ಕ ನನಗ ಜೋಕಾಲಿ ಇಲ್ಲ," ಎಂದು ಹಲ್ಲು ಕಡಿಯುತ್ತಿದ್ದಳು. ಉಂಡಿಯನ್ನು ಮುಟ್ಟಲೂ ಇಲ್ಲ.

ನಮ್ಮನ್ನು ಕಳಿಸಲು ಬಾಗಿಲಿಗೆ ಬಂದ ಚಿಗವ್ವ ನನ್ನ ಅವ್ವನಿಗೆ ಮೆಲ್ಲಗೆ ಹೇಳಿದಳು: "ನನ್ನ ಮಗಳು ಅಪ್ಪನ್ನ ನೆನಸಿದ್ರ ಸಿಟ್ಟಿಗೇಳಬಾರದ್ರಿ ಅಕ್ಕಾ. ಏನರ ಮಾಡತೇನಿ." ಅವಳು ಏನಾದರೂ ಮಾಡುತ್ತೇನೆ ಅಂದರೆ ಮಾಡಿಯೇ ಬಿಡುತ್ತಾಳೆಂದು ಓಣಿಗೆಲ್ಲ ಗೊತ್ತಿತ್ತು.

ಮರುದಿನವೇ ತೊಟ್ಟು ಬಿಡಿಸುತ್ತ ನಮಗೆ ಮಕ್ಕಳಿಗೆಲ್ಲ ಕಥೆ ಶುರುಮಾಡಿದಳು. ದೂರದಲ್ಲಿ ಒಂದು ರಾಜ್ಯ. ಅಲ್ಲಿ ಚಂದ್ರರು ಇಬ್ಬರು, ದೊಡ್ಡವನು ಕೆಂಪು, ಸಣ್ಣವನು ಬಿಳಿ. ಮೆಣಸಿನಕಾಯಿಯ ಲೆಕ್ಕದಲ್ಲಿ ವರ್ಷಕ್ಕೆ ನಾಲ್ಕೇ ತಿಂಗಳು: ಹೂವಿನದು, ಹಸಿರಿನದು, ಕೆಂಪಿನದು, ಸುಕ್ಕಿನದು. ವಾರದಲ್ಲಿ ಶಾಲೆ ಶುರುವಾಗುವ ಸೋಮವಾರ ಇಲ್ಲವೇ ಇಲ್ಲ, ಅದನ್ನು ನಾವೇ ಗಲಾಟೆ ಮಾಡಿ ತೆಗೆಸಿದ್ದು. ದೊಡ್ಡ ಚಂದ್ರ ಲೆಕ್ಕ ತಪ್ಪದೆ ಬರುತ್ತಾನೆ. ಸಣ್ಣವನು ಉಡಾಳ, ತನಗೆ ಮನಸ್ಸಾದಾಗ ಬರುತ್ತಾನೆ. ಇಬ್ಬರೂ ಒಟ್ಟಿಗೆ ತುಂಬಿ ಬಂದ ದಿನ ಆ ರಾಜ್ಯದಲ್ಲಿ ಹಬ್ಬ. ಸಣ್ಣ ಚಂದ್ರ ಬರುವುದಕ್ಕೂ ಚಿಗವ್ವನ ಮನೆಗೆ ಬೆಲ್ಲ ಬರುವುದಕ್ಕೂ ಏನೋ ನಂಟಿತ್ತೆಂದು ನಮಗೆ ಹೊಳೆದದ್ದು ದೊಡ್ಡವರಾದ ಮೇಲೆ.

ಮೊದಲು ಬಂದದ್ದು ಸೀನುಹುಣ್ಣಿಮೆ. ಹಿತ್ತಲ ಬೇವಿನಮರಕ್ಕೆ ಚಿಗವ್ವ ತಾನೇ ಜೋಕಾಲಿ ಕಟ್ಟಿದಳು, ಶೇಂಗಾ ಉಂಡಿ ಕಟ್ಟಿದಳು. ಮೆಣಸಿನಕಾಯಿ ರಾಶಿಯ ಮುಂದೆ ಕೂತು ಸೀನಿದವರಿಗೇ ಉಂಡಿ. ಅಜ್ಜಿ ಕೆಂಡವಾದಳು.

"ವರ್ಷ ತುಂಬಿಲ್ಲ, ಮನ್ಯಾಗ ಹಬ್ಬ ಮಾಡ್ತೀಯೇನ? ಮಂದಿ ಏನಂದಾರು?"

"ಪಂಚಾಂಗ ತಗಸಿ ನೋಡ್ರಿ ಅತ್ತಿ. ಇವತ್ತ ಯಾವ ಹಬ್ಬನೂ ಇಲ್ಲ. ಇದು ಆ ರಾಜ್ಯದ್ದು."

ಚಿಗವ್ವನ ದನಿ ಏರಲಿಲ್ಲ, ಉಂಡಿ ಕಟ್ಟುವ ಕೈಯೂ ನಿಲ್ಲಲಿಲ್ಲ. ಅಜ್ಜಿ ಇನ್ನೇನೋ ಅನ್ನಲು ಬಾಯಿ ತೆರೆದಳು, ಬಂದದ್ದು ಸೀನು. ಅದೂ ಎಂಥದ್ದು, ಗೂಡಿನ ಕೋಳಿ ಬೆದರುವಂಥದ್ದು! ನಾವು ನಕ್ಕೆವು. ಅಜ್ಜಿಗೂ ನಗು ತಡೆಯಲಾಗಲಿಲ್ಲ. ನಗುತ್ತ ನಗುತ್ತಲೇ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಮಗನ ಹೆಸರು ಹಿಡಿದು ಅತ್ತುಬಿಟ್ಟಳು. ಚಿಗವ್ವನೂ ಅತ್ತಳು. ಗೆಳತಿ ಜೋಕಾಲಿಯಿಂದ ಇಳಿದು ಬಂದು ಅವರಿಬ್ಬರ ನಡುವೆ ತೂರಿ ಕೂತಳು. ಅಪ್ಪ ಹೋದ ಮೇಲೆ ಅವಳು ಅತ್ತದ್ದನ್ನು ನಾನು ನೋಡಿದ್ದು ಅವತ್ತೇ ಮೊದಲು. ಸ್ವಲ್ಪ ಹೊತ್ತಾದ ಮೇಲೆ ಅಜ್ಜಿ ಉಂಡಿಗೆ ಕೈ ಚಾಚಿದಳು. "ಆ ಸಣ್ಣ ಚಂದಪ್ಪ ಮತ್ತ ಯಾವಾಗ ಬರತಾನ?" ಎಂದು ಕೇಳಿದಳು.

ವರ್ಷ ತುಂಬುವವರೆಗೆ ಅವನು ಬರುತ್ತಲೇ ಇದ್ದ. ಆಮೇಲೆ ಮಾಮೂಲಿ ಹಬ್ಬಗಳು ಮರಳಿದವು, ಆ ರಾಜ್ಯ ನಿಧಾನಕ್ಕೆ ಮರೆಯಾಯಿತು...

ಚಿಗವ್ವ ಈ ಬೇಸಿಗೆಯಲ್ಲಿ ತೀರಿಕೊಂಡಳು. ಮಗಳು ಈಗ ರಾಣೆಬೆನ್ನೂರಿನ ಸೊಸೆ. ಮದುವೆಯಾದ ಮಗಳಿಗೆ ತವರಿನ ಸೂತಕ ವರ್ಷವಿಡೀ ಇಲ್ಲ, ಹಬ್ಬ ಮಾಡಬಹುದು. ಗಿರಣಿಯಿಂದ ಬಂದವಳೇ ಫೋನ್ ಮಾಡಿದೆ. "ಎಲ್ಲಾರೂ ಹಬ್ಬ ಮಾಡು ಅಂತಾರ, ನನಗ ಮನಸ್ಸಿಲ್ಲ," ಅಂದಳು. ಭಾನುವಾರ ಬಸ್ಸು ಹತ್ತಿ ಹೋದೆ. ಅಡುಗೆಮನೆಯಲ್ಲಿ ಕೂತು ಇಬ್ಬರೂ ಆ ಪಂಚಾಂಗವನ್ನು ನೆನಪಿಸಿಕೊಳ್ಳಲು ನೋಡಿದೆವು. ತಿಂಗಳುಗಳು ಸಿಕ್ಕವು, ಎಷ್ಟೋ ಹುಣ್ಣಿಮೆಗಳು ಸಿಗಲಿಲ್ಲ. ಹಿರಿಯರ ಅಮಾವಾಸ್ಯೆಯಂಥ ದಿನ, ಸತ್ತವರನ್ನು ನೆನೆಯುವ ದಿನ, ಅದರಲ್ಲಿ ಇರಲೇ ಇಲ್ಲವೆಂದು ಆಗ ಹೊಳೆಯಿತು. ಮಗಳ ಹಬ್ಬಕ್ಕೆ ಸಾವು ಮತ್ತೆ ಅಡ್ಡ ಬರಬಾರದೆಂದು ಚಿಗವ್ವ ಬೇಕೆಂದೇ ಇಟ್ಟಿರಲಿಲ್ಲ.

"ಅವ್ವಗ ಒಂದು ದಿನ ಇಡೂಣೇನ?" ಎಂದು ಗೆಳತಿ ಕೇಳಿದಳು.

"ಇಡೂಣು," ಅಂದೆ. ಸುಕ್ಕಿನ ತಿಂಗಳು ಬೇಡ ಅಂದಳು, ಹೂವಿನ ತಿಂಗಳಲ್ಲಿಟ್ಟೆವು. ಹೋಳಿಗೆ ಅವಳ ಪಾಲಿಗೆ, ಕಟ್ಟಿನ ಸಾರು ನನ್ನ ಪಾಲಿಗೆ. ಯಾರು ಏನೇ ಅನ್ನಲಿ, ಈ ವರ್ಷ ಮಾಡಿಯೇ ತೀರುತ್ತೇವೆ. ಆ ಹುಣ್ಣಿಮೆಗೆ ಒಂದು ಹೆಸರು ಮಾತ್ರ ಇನ್ನೂ ಸಿಕ್ಕಿಲ್ಲ. ಹೆಸರಿಡುತ್ತಿದ್ದವಳು ಚಿಗವ್ವ ಒಬ್ಬಳೇ.