ಭರಣಿಯ ತಳದ ಕಿರೀಟ

ಕಪ್, ತಟ್ಟೆ, ಭರಣಿ ಯಾವುದನ್ನು ಕಂಡರೂ ಮಗುಚಿ ತಳದ ಮುದ್ರೆ ನೋಡುವ ಚಟ ನನಗೆ ಅಂಟಿದ್ದು ಪುತ್ತೂರಿನ ಒಬ್ಬ ಮುದುಕರಿಂದ. ಅವರದ್ದು ಹಳೆಯ ಪಿಂಗಾಣಿ ಸಾಮಾನಿನ ಅಂಗಡಿ. ಯಾವ ಕಾರ್ಖಾನೆ ಯಾವ ಗುರುತು ಹಾಕುತ್ತಿತ್ತು, ನಕಲಿಯನ್ನು ಹೇಗೆ ಹಿಡಿಯುವುದು ಎಂದು ಹೋದಾಗಲೆಲ್ಲ ತೋರಿಸುತ್ತಿದ್ದರು.

ಆದರೆ ಮರ್ಕಂಜದ ನಮ್ಮ ಮನೆಯ ದೊಡ್ಡ ಉಪ್ಪಿನಕಾಯಿ ಭರಣಿಯನ್ನು ಮಾತ್ರ ನಾನು ಮಗುಚಿ ನೋಡಿರಲಿಲ್ಲ. ಅದನ್ನು ತೊಳೆಯುವ ಕೆಲಸವನ್ನು ಅತ್ತೆ ಯಾರಿಗೂ ಬಿಡುತ್ತಿರಲಿಲ್ಲ. "ಇಂಗ್ಲೆಂಡಿಂದ ಹಡಗಲ್ಲಿ ಬಂದದ್ದು, ಅಡಿಯಲ್ಲಿ ಕಿರೀಟ ಉಂಟು," ಎಂದು ತೀರಿಹೋದ ಮಾವ ನೆಂಟರಿಗೆಲ್ಲ ಹೇಳುತ್ತಿದ್ದರು.

ಕಳೆದ ವರ್ಷ ಅತ್ತೆಗೆ ಮೊಣಕಾಲು ನೋವು ಹೆಚ್ಚಿತು. ಮಾವಿನ ಮಿಡಿ ಹಾಕುವ ಮೊದಲು ಭರಣಿ ತೊಳೆಯಲು ನಾನೇ ಎತ್ತಿಕೊಂಡೆ. ಮಗುಚಿದರೆ ಕಿರೀಟ ಇರಲಿಲ್ಲ. ಒಂದು ವೃತ್ತ, ಅದರೊಳಗೆ ಒಂದು ಅಂಕೆ, ಅಷ್ಟೇ.

ನನಗೆ ಗೊತ್ತಿದ್ದಂತೆ ಭರಣಿ ಮನೆಯಿಂದ ಹೊರಗೆ ಹೋದದ್ದು ಒಂದೇ ಸಲ. ಅದಕ್ಕೂ ಎರಡು ವರ್ಷ ಮೊದಲು ಪಕ್ಕದ ಮನೆಯ ಬ್ಯಾರಿ ಮುಸ್ಲಿಂ ಹೆಂಗಸು ಮಗಳ ಮದುವೆಯ ಉಪ್ಪಿನಕಾಯಿಗೆಂದು ಕೇಳಿ ಒಯ್ದಿದ್ದರು. ಅವರ ಗಂಡನದ್ದು ಸುಳ್ಯದಲ್ಲಿ ಗುಜರಿ ವ್ಯಾಪಾರ. ಭರಣಿ ಅಲ್ಲೇ ಬದಲಾಗಿದೆ ಎಂದುಕೊಳ್ಳಲು ನನ್ನ ಮನಸ್ಸಿಗೆ ಅಷ್ಟು ಸಾಕಾಯಿತು.

ತೊಳೆಯುವಾಗ ಅತ್ತೆ ಗಮನಿಸಿರಲಿಕ್ಕಿಲ್ಲ ಎಂದುಕೊಂಡು ಯಾರಿಗೂ ಹೇಳಲಿಲ್ಲ. ಆ ಹೆಂಗಸು ನಕ್ಕು ಮಾತಾಡಿಸಿದರೆ, ಯಾಕೆ ಇಷ್ಟು ನಗುತ್ತಾರೆ ಅನಿಸುತ್ತಿತ್ತು. ಬಿಸಿ ಪತ್ತಿರ್ ರೊಟ್ಟಿ ಕಳಿಸಿದರೆ, ಬಾಯಿ ಮುಚ್ಚಿಸಲಿಕ್ಕೋ ಎಂದು ಯೋಚಿಸುತ್ತಿದ್ದೆ.

ಕೊನೆಗೊಂದು ದಿನ ಅವರ ಮನೆಗೆ ಹೋದೆ. ಅವರು ಚಹಾ ಮಾಡಲು ಒಳಗೆ ಹೋದಾಗ ಮೂಲೆಯಲ್ಲಿದ್ದ ಭರಣಿಯನ್ನು ಓರೆ ಮಾಡಿ ಬಗ್ಗಿದೆ.

"ಎಂತ ನೋಡುದು ಅಕ್ಕ?" ಅವರು ಬಾಗಿಲಲ್ಲೇ ನಿಂತಿದ್ದರು.

"ಮುದ್ರೆ. ಸುಮ್ಮನೆ."

ಅವರು ಹತ್ತಿರ ಬಂದರು. "ನಿಮ್ಮದು ಇಲ್ಲಿ ಉಂಟಾ ಅಂತ ನೋಡುದಾ?"

ಅವರು ಅಟ್ಟದ ಮೇಲಿದ್ದ ಇನ್ನೆರಡು ಭರಣಿಗಳನ್ನೂ ಇಳಿಸಿ, ಒಂದೊಂದಾಗಿ ನನ್ನ ಮುಂದೆ ಮಗುಚಿಟ್ಟರು. ಯಾವುದರಲ್ಲೂ ಕಿರೀಟ ಇರಲಿಲ್ಲ. ಮಾರಿಬಿಟ್ಟಿರಬೇಕು ಎಂದುಕೊಂಡೇ ಮನೆಗೆ ಬಂದೆ.

ಮರುದಿನ ಖಾಲಿಯಾಗಿದ್ದ ನಮ್ಮ ಭರಣಿಯನ್ನು ಗೋಣಿಯಲ್ಲಿ ಸುತ್ತಿ ಪುತ್ತೂರಿಗೆ ಒಯ್ದೆ. ಮುದುಕರು ತಳದ ಅಂಚಿನ ಮೇಲೆ ಬೆರಳಾಡಿಸಿದರು.

"ಇದು ನಮ್ಮ ದೇಶದ್ದೇ. ಹಸಿ ಮಣ್ಣಿಗೆ ಒತ್ತಿದ ಮುದ್ರೆ, ಅಂಕೆ ಅಳತೆಯದ್ದು. ಆದ್ರೆ ಇಲ್ಲಿ ನೋಡಿ, ಅಂಚು ಒಂದೇ ಬದಿ ಸವೆದಿದೆ. ಇಳಿಜಾರು ಕಲ್ಲಿನ ಮೇಲೆ ಮೂವತ್ತು ನಲವತ್ತು ವರ್ಷ ಕೂತದ್ದು ಇದು."

"ಎರಡು ವರ್ಷದಲ್ಲಿ ಇಷ್ಟು ಸವೆಯುದಿಲ್ವಾ?"

"ಇಲ್ಲ ಮಾರಾಯ್ರೆ."

ನಮ್ಮ ಅಡುಗೆಮನೆಯ ಮೂಲೆಯ ಕಲ್ಲು ಗೋಡೆಯ ಕಡೆಗೆ ವಾಲಿದೆ. ಭರಣಿಯನ್ನು ತಂದು ಅಲ್ಲಿಟ್ಟು ಮೆಲ್ಲ ತಿರುಗಿಸಿದೆ. ಸವೆದ ಬದಿ ಗೋಡೆಯ ಕಡೆ ಬಂದದ್ದೇ, ಅದು ಅಲುಗದೆ ಕೂತಿತು.

ಅತ್ತೆ ನೋಡುತ್ತಿದ್ದರು. "ಕಿರೀಟದ್ದು ಒಡೆದುಹೋಯ್ತು," ಎಂದರು. "ನಾನು ಮದುವೆಯಾಗಿ ಬಂದ ಮರುವರ್ಷ, ಬಾವಿಕಟ್ಟೆಯಲ್ಲಿ. ಮನೆಯಲ್ಲಿ ಯಾರೂ ಇರ್ಲಿಲ್ಲ. ಅಣ್ಣನಿಗೆ ಹೇಳಿ ಅದೇ ಬಣ್ಣದ್ದು ತರಿಸಿದೆ. ನನ್ನ ಅತ್ತೆಗೆ ಗೊತ್ತಾಗಿದ್ರೆ ತವರಿಗೆ ಅಟ್ಟುತ್ತಿದ್ರು."

"ಮಾವನಿಗೆ?"

"ಅವರು ಯಾವತ್ತು ಮಗುಚಿ ನೋಡಿದ್ದಾರೆ?"

ಆ ಸಂಜೆಯೇ ಪಕ್ಕದ ಮನೆಗೆ ಹೋಗಿ ಎಲ್ಲವನ್ನೂ ಹೇಳಿ, ತಪ್ಪಾಯಿತು ಎಂದೆ. ಅತ್ತೆಯ ಕಥೆಗೆ ಅವರು ನಕ್ಕರು. ಆಮೇಲೆ ನಗು ನಿಲ್ಲಿಸಿ ಹೇಳಿದರು:

"ನನ್ನ ಹತ್ರ ಕೇಳಬಹುದಿತ್ತಲ್ಲ ಅಕ್ಕ. ಕದ್ದು ನೋಡಿದ್ದು ಬೇಜಾರಾಯ್ತು."

ಈಗಲೂ ಬರುತ್ತಾರೆ, ಅತ್ತೆಯ ಕಾಲುನೋವು ವಿಚಾರಿಸುತ್ತಾರೆ. ಮೊದಲೆಲ್ಲ ಸೀದಾ ಒಳಗೆ ಬಂದು ಒಲೆಯ ಹತ್ತಿರ ಕೂರುತ್ತಿದ್ದವರು ಈಗ ಜಗಲಿ ದಾಟುವುದಿಲ್ಲ. ಒಳಗೆ ಬನ್ನಿ ಎಂದರೆ, "ಇಲ್ಲೇ ಗಾಳಿ ಉಂಟು," ಎನ್ನುತ್ತಾರೆ. ನಾನು ಚಹಾವನ್ನು ಅಲ್ಲಿಗೇ ತರುತ್ತೇನೆ.