ರುದ್ರವ್ವನ ಕೌದಿಗೆ ಬಿದ್ದ ಕೆಂಪು ತುಂಡು

ಹಳೆ ಸೀರೆಯ ಚೂರು ಜೋಡಿಸಿ ಕೌದಿ ಹೊಲಿಯುವುದರಲ್ಲಿ ಟಿಕೋಟಾದ ರುದ್ರವ್ವ ಎತ್ತಿದ ಕೈ. ಆ ಕೈ ಸೂಜಿ ಇಳಿಸಿದ್ದನ್ನು ಮಾತ್ರ ಓಣಿಯವರು ಕಂಡಿರಲಿಲ್ಲ. ಎರಡನೇ ಮಹಾಯುದ್ಧದ ಆ ವರ್ಷ ಸೊಸೆ ಬಬಲೇಶ್ವರದ ತವರಿನಲ್ಲಿ ಗಂಡು ಹೆತ್ತಳು. ತೊಟ್ಟಿಲಿಗೆ ಹಾಕುವ ದಿನ ಕೌದಿ ಒಯ್ಯಲೇಬೇಕು. ಬೀಗತಿ ಹನಮವ್ವನೋ, ಅಂಚನ್ನೆಲ್ಲ ಬೆರಳಿನಿಂದ ಸವರಿ ಪರೀಕ್ಷೆ ಮಾಡುವವಳು.

ಚಿಮಣಿ ಎಣ್ಣೆ ರೇಶನ್ನಿಗೆ ಬಿದ್ದು ಮನೆಯ ಕಂದೀಲು ಒಣಗಿತ್ತು. ಗಂಡ ಶಂಕ್ರೆಪ್ಪ ವಿಜಾಪುರಕ್ಕೆ ಹೋದವನು ಗೋಳಗುಮ್ಮಟದ ಬಳಿಯ ಅಂಗಡಿಯಿಂದ ಬೆರಳುದ್ದದ ನಾಲ್ಕಾರು ಮೇಣದಬತ್ತಿ ತಂದ. ಮುಸ್ಸಂಜೆ ರುದ್ರವ್ವ ಒಂದನ್ನು ಹಚ್ಚಿ ಕೈಮುಗಿದು, ಸಂದೂಕದ ಮುಚ್ಚಳಕ್ಕೆ ಅಂಟಿಸಿ, ಕೌದಿ ಹರವಿಕೊಂಡು ಕೂತಳು.

ಉಣ್ಣುವ ಹೊತ್ತಿಗೆ ಕೌದಿ ಮುಗಿಯಿತು. ಬತ್ತಿ ಊದಲೆಂದು ಶಂಕ್ರೆಪ್ಪ ತುಟಿ ಮುಂದೆ ಮಾಡಿದ. ದೀಪಕ್ಕೆ ಎಂಜಲು ಗಾಳಿ ತಾಗಿಸುವುದುಂಟೆ? ಅವಳು ಅವನನ್ನು ಹಿಂದೆ ಸರಿಸಿ, ಹಣತೆಯ ಬತ್ತಿಯನ್ನು ಎಣ್ಣೆಗೆ ತಳ್ಳಿ ಶಾಂತ ಮಾಡುವ ರೂಢಿಯಂತೆ ಕಡ್ಡಿಯಿಂದ ತಳ್ಳಿದಳು. ಹಣತೆಗಾದರೆ ಹೊಟ್ಟೆ ತುಂಬ ಎಣ್ಣೆ. ಈ ಅಂಗಡಿ ದೀಪಕ್ಕೆ ಹೊಟ್ಟೆಯೇ ಇಲ್ಲ. ಅದು ಉರುಳಿ ಕೌದಿಗೇ ಬತ್ತಿ ಇಟ್ಟಿತು.

ಚರಿಗೆಯ ನೀರು ಸುರಿದು ಆರಿಸಿದ್ದಾಯಿತು. ಆದರೆ ಅಂಗೈಯಷ್ಟು ತೂತು. ನಾಡಿದ್ದೇ ತೊಟ್ಟಿಲು, ಮನೆಯಲ್ಲಿ ಹಳೆ ಸೀರೆಯ ಒಂದು ಚೂರೂ ಉಳಿದಿಲ್ಲ, ಅಂಗಡಿಯಲ್ಲಿ ಅರಿವೆಗೂ ಕಂಟ್ರೋಲು.

“ನನ್ನ ಬಾಯಿಗೆ ಬಿಟ್ಟಿದ್ರ ಒಂದ ಉಫ್‌ನ್ಯಾಗ ಮುಗೀತಿತ್ತು,” ಎಂದ ಶಂಕ್ರೆಪ್ಪ.

“ನಿಮ್ಮ ಬಾಯಿ ಇರ್ಲಿ. ರುಂಬಾಲು ಕೊಡ್ರಿ.”

ತಲೆ ಉಳಿಯಿತು, ಅದಕ್ಕೆ ಸುತ್ತಿದ್ದ ಕೆಂಪು ರುಂಬಾಲಿನ ತುದಿ ಕತ್ತರಿಗೆ ಹೋಯಿತು. ಮರುದಿನ ಸಂಜೆ ಅಗಲ ತಟ್ಟೆಯಂಥ ಪರಾತದಲ್ಲಿ ನೀರು ಹಾಕಿ, ನಡುವೆ ಕಲ್ಲಿಟ್ಟು, ಅದರ ಮೇಲೆ ಮೇಣದಬತ್ತಿ ನಿಲ್ಲಿಸಿದಳು; ಕೌದಿ ಒಂದು ಮಾರು ದೂರ. ತೇಪೆ ಮುಗಿದ ಮೇಲೆ ಬತ್ತಿಯ ಮೇಲೆ ಹಿತ್ತಾಳೆ ವಾಟಿ ಬೋರಲು ಹಾಕಿದಳು. ಬಾಯಿಯೂ ಬೇಡ, ಕಡ್ಡಿಯೂ ಬೇಡ; ದೀಪ ತಾನೇ ಶಾಂತವಾಯಿತು.

ಬಬಲೇಶ್ವರದಲ್ಲಿ ಹನಮವ್ವನ ಬೆರಳು ಅಂಚೆಲ್ಲ ಸವರಿ ಕೆಂಪು ತುಂಡಿನ ಮೇಲೆ ನಿಂತಿತು.

“ಇದ ಯಾರ ಸೀರಿರಿ, ಬೀಗತ್ಯಾರ?”

ಕೇಳುತ್ತಲೇ ಅವಳ ಕಣ್ಣು ಶಂಕ್ರೆಪ್ಪನ ಕಡೆ ಹೊರಳಿತು. ಎರಡೇ ಸುತ್ತಿಗೆ ಮುಗಿದ ರುಂಬಾಲನ್ನು ಅವನು ಕಿವಿಯವರೆಗೆ ಎಳೆದುಕೊಳ್ಳುತ್ತಿದ್ದ.

“ಮೊಮ್ಮಗಗ ಅಜ್ಜ ತಲಿಮ್ಯಾಗಿಂದ ತಗದು ಕೊಟ್ಟಾರ್ರಿ,” ಎಂದಳು ರುದ್ರವ್ವ.

ಹನಮವ್ವ ಬಾಯಿಗೆ ಸೆರಗು ಒತ್ತಿ ನಗುತ್ತಲೇ ಕೌದಿಯನ್ನು ತೊಟ್ಟಿಲಿಗೆ ಹಾಸಿದಳು, ಕೆಂಪು ತುಂಡು ಮೇಲೆ ಕಾಣುವಂತೆ. ಆಮೇಲೆ ಕತ್ತಲಾಯಿತೆಂದು ತೊಟ್ಟಿಲ ಪಕ್ಕದ ಮಣೆಯ ಮೇಲೆ ಮೇಣದಬತ್ತಿ ಹಚ್ಚಲು ಹೊರಟಳು. ರುದ್ರವ್ವ ಎದ್ದು ಅವಳ ಕೈ ಹಿಡಿದಳು.

“ಮೊದಲ ಒಂದು ಪರಾತ ತರ್ರಿ, ಒಂದು ವಾಟಿ ತರ್ರಿ. ಇವರ ತಲಿಮ್ಯಾಲ ಇನ್ನ ರುಂಬಾಲು ಉಳದಿಲ್ಲ.”